ಹನ್ನೊಂದು ಗಂಟೆಯ ಜಗಲಿ

ಮಗೂ,

ಮೊನ್ನೆ ನೀರಿನ ಮೋಟಾರು ಹಾಕಲು ಕೆಳಗೆ ಬಂದ ನೀನು ಸ್ವಿಚ್ಚು ಒತ್ತಿ ಹಾಗೇ ಹೋಗಲಿಲ್ಲ. ಬಾಗಿಲಿಗೆ ಒರಗಿ ನಿಂತು, ನಿಮ್ಮ ಬಾಗಲಕೋಟೆಯ ಮಾತಿನಲ್ಲಿ ಕೇಳಿದೆ: "ಅಜ್ಜಾರ, ಒಬ್ರ ಇರ್ತೀರಿ. ಬ್ಯಾಸರ ಆಗಂಗಿಲ್ಲೇನ್ರಿ?"

"ಅಭ್ಯಾಸ ಆಗಿದೆ ಕಣಪ್ಪಾ" ಅಂದೆ. ಬಾಯಿಗೆ ಬಂದದ್ದು ಅದು, ನಿಜವಲ್ಲ. ನಿಜವಾದ ಉತ್ತರ ಹೊಳೆಯಲು ನಾಲ್ಕು ದಿನ ಹಿಡಿಯಿತು. ಎದುರು ಕೂರಿಸಿಕೊಂಡು ಹೇಳಹೊರಟರೆ ನಡುವೆ ದಾರಿ ತಪ್ಪುತ್ತೇನೆ. ಮೂವತ್ತೆಂಟು ವರ್ಷ ಮೈಸೂರಿನವರ ಕಾಗದ ಹೊತ್ತು ಹಂಚಿದವನು ನಾನು. ಒಂದು ಕಾಗದ ನಾನೇ ಬರೆಯೋಣ ಎನ್ನಿಸಿತು. ಸ್ಟಾಂಪು ಹಚ್ಚಿಲ್ಲ. ಹದಿನೆಂಟು ಮೆಟ್ಟಿಲಿನ ದೂರಕ್ಕೆ ಅದು ಬೇಡ.

ನನ್ನ ಕೆಲಸದಿಂದಲೇ ಶುರುಮಾಡುತ್ತೇನೆ. ಪೋಸ್ಟ್‌ಮ್ಯಾನ್ ಆಗಿ ಸೇರಿದ್ದು 1970ರಲ್ಲಿ. ಎರಡು ವರ್ಷದ ಮೇಲೆ, 1972ರ ಆಗಸ್ಟ್ 15ರಂದು, ಪಿನ್‌ಕೋಡು ಬಂತು. ನಮ್ಮ ಹೆಡ್ ಆಫೀಸಿಗೆ 570001. ಆ ಆರು ಅಂಕಿ ಕಾಗದವನ್ನು ಊರಿನ ಆ ಭಾಗದವರೆಗೆ ತಂದು ಬಿಡುತ್ತಿದ್ದವು. ಅಲ್ಲಿಂದ ಬಾಗಿಲವರೆಗೆ ತರುವುದು ನಮ್ಮ ಸೈಕಲ್ಲು. ಕೋಟೆ ಮೊಹಲ್ಲಾ, ಅಗ್ರಹಾರದ ಓಣಿಗಳು ನನ್ನ ಬೀಟು. ವಠಾರದ ಎಂಟು ಬಾಗಿಲಲ್ಲಿ ಯಾರು ಎಷ್ಟು ಹೊತ್ತಿಗೆ ಇರುತ್ತಾರೆ, ಯಾರು ಪೂಜೆಗೆ ಕೂತಿರುತ್ತಾರೆ, ಯಾರಿಗೆ ಕಿವಿ ಮಂದ, ಯಾರ ಮನೆಯಲ್ಲಿ ಕಾಗದ ಓದಿಯೂ ಹೇಳಬೇಕು ಎಲ್ಲ ಗೊತ್ತಿರಬೇಕಿತ್ತು. ಮನೆಯ ಹಿರಿಯರ ದಿನಚರಿ ಅವರ ಮಕ್ಕಳಿಗಿಂತ ನಮಗೇ ಚೆನ್ನಾಗಿ ತಿಳಿದಿತ್ತು ಎಂದರೆ ಜಂಬವಲ್ಲ.

ವೃದ್ಧಾಪ್ಯ ವೇತನ ಆಗ ಮನಿಯಾರ್ಡರಿನಲ್ಲಿ ಬರುತ್ತಿತ್ತು. ಅಜ್ಜಿಯರ ಹೆಬ್ಬೆಟ್ಟಿಗೆ ಮಸಿ ಹಚ್ಚಿ ಒತ್ತಿಸಬೇಕು. ಪಾತ್ರೆ ತಿಕ್ಕಿ ತಿಕ್ಕಿ ಕೆಲವರ ಹೆಬ್ಬೆರಳ ಗೆರೆಯೇ ಸವೆದಿರುತ್ತಿತ್ತು. ದುಡ್ಡು ಎಣಿಸಿ ಸೆರಗಿನ ತುದಿಗೆ ಗಂಟು ಹಾಕಿಕೊಂಡು, "ಕೂತ್ಕೋ ಮಗ, ನೀರು ಕುಡೀವಂತೆ" ಅನ್ನುವರು. ದುಡ್ಡಿನ ವ್ಯವಹಾರ ಒಂದು ನಿಮಿಷ, ಮಾತು ಹತ್ತು ನಿಮಿಷ. ಮಾತಿಗಾಗಿಯೇ ದುಡ್ಡನ್ನು ಎರಡು ಸಲ ಎಣಿಸುವವರೂ ಇದ್ದರು. ಆರ್.ಕೆ. ನಾರಾಯಣ್ ನಮ್ಮ ಊರಿನಲ್ಲೇ ಇದ್ದವರು. ಅವರ ಕಥೆಯೊಂದರಲ್ಲಿ ತಾನಪ್ಪ ಎಂಬ ಪೋಸ್ಟ್‌ಮ್ಯಾನ್ ಬರುತ್ತಾನೆ. ಮನೆಯವರ ಕಷ್ಟಸುಖ ಕೇಳಿಕೊಂಡು, ಕೂತು, ಎದ್ದು, ಮುಂದಿನ ಮನೆಗೆ ಹೋಗುತ್ತಾನೆ. ಅದನ್ನು ಓದಿದಾಗ ನಮ್ಮ ಆಫೀಸಿನಲ್ಲಿ ನಕ್ಕಿದ್ದೆವು. ಚೀಲ ತುಂಬಿದ ದಿನ ತಾನಪ್ಪನಾಗಲು ಯಾರಿಗೆ ಪುರಸೊತ್ತು?

ಆ ಪುರಸೊತ್ತಿಲ್ಲದ ಒಂದು ದಿನದ ಕಥೆಯೇ ಈ ಕಾಗದದ ಕಾರಣ.

ಅಗ್ರಹಾರದ ಒಂದು ಮನೆಯ ಜಗಲಿಯಲ್ಲಿ ರಿಟೈರಾದ ಮೇಷ್ಟ್ರೊಬ್ಬರು ಕೂರುತ್ತಿದ್ದರು. ಹೆಂಡತಿ ಹೋಗಿದ್ದರು, ಮಕ್ಕಳು ಉತ್ತರದ ಕಡೆ ನೌಕರಿಯಲ್ಲಿ. ನನ್ನ ಸೈಕಲ್ಲು ಆ ಓಣಿಗೆ ತಿರುಗುತ್ತಿದ್ದದ್ದು ಸರಿಯಾಗಿ ಹನ್ನೊಂದಕ್ಕೆ. ಅಷ್ಟು ಹೊತ್ತಿಗೆ ಅವರು ಸ್ನಾನ ಮುಗಿಸಿ, ಒಗೆದ ಪಂಚೆ ಉಟ್ಟು, ಶಲ್ಯ ಹೊದ್ದು ಜಗಲಿಯ ಕಂಬಕ್ಕೆ ಒರಗಿರುತ್ತಿದ್ದರು. "ಏನಪ್ಪಾ, ಇದೆಯೋ?" ಎನ್ನುವರು. ತಿಂಗಳಲ್ಲಿ ಇಪ್ಪತ್ತೈದು ದಿನ ಏನೂ ಇರುತ್ತಿರಲಿಲ್ಲ. "ಇಲ್ಲ ಮೇಷ್ಟ್ರೇ." "ಸರಿ, ನಾಳೆ ನೋಡೋಣ." ಇಷ್ಟೇ ಮಾತು, ಹತ್ತು ವರ್ಷ. ಕಾಗದವೇ ಬರದವರು ಯಾಕೆ ಕಾಯುತ್ತಾರೆ ಎಂದು ನನಗೆ ಸೋಜಿಗ.

ಒಂದು ಹೊಸ ವರ್ಷದ ವಾರ. ಗ್ರೀಟಿಂಗ್ ಕಾರ್ಡುಗಳ ಕಾಲ ಅದು. ಚೀಲ ಹೊರಲಾರದಷ್ಟು ಭಾರ. ಮೇಷ್ಟ್ರಿಗೂ ಒಂದು ಕಾರ್ಡು ಬಂದಿತ್ತು. ಜಗಲಿ ಖಾಲಿ. ಒಳಗಿರಬೇಕು ಎಂದುಕೊಂಡು ಬಾಗಿಲ ಸಂದಿಯಲ್ಲಿ ತೂರಿಸಿ ಹೊರಟೆ. ಮಾರನೆಯ ದಿನವೂ ಜಗಲಿ ಖಾಲಿ. ಸೈಕಲ್ಲಿನಿಂದ ಒಂದು ಕಾಲು ಇಳಿಸಿದೆ ಕೂಡ. ಮುಂದೆ ಇನ್ನೂ ಮೂರು ಓಣಿ ಬಾಕಿ ಎಂದು ನೆನಪಾಗಿ ಮತ್ತೆ ತುಳಿದೆ. ಮೂರನೆಯ ದಿನ ಹೋದಾಗ ಅಕ್ಕಪಕ್ಕದವರು ಬಾಗಿಲು ಒಡೆದಿದ್ದರು. ನನ್ನ ಕಾರ್ಡು ಹೊಸ್ತಿಲ ಒಳಗೆ ಬಿದ್ದಲ್ಲೇ ಇತ್ತು.

ಮೊದಲ ದಿನವೇ ಕದ ತಟ್ಟಿದ್ದರೆ ಉಳಿಯುತ್ತಿದ್ದರೇ? ಆಗ ಯಾರೂ ಹೇಳಲಿಲ್ಲ, ನಾನೂ ಕೇಳಲಿಲ್ಲ. ಕೇಳುವ ಧೈರ್ಯ ಇರಲಿಲ್ಲ. ಆ ಓಣಿಯಲ್ಲಿ ಅವರ ದಿನಚರಿ ನಿಮಿಷದ ಲೆಕ್ಕದಲ್ಲಿ ಗೊತ್ತಿದ್ದವನು ನಾನೊಬ್ಬನೇ. ಅವರು ಹತ್ತು ವರ್ಷ ಹನ್ನೊಂದಕ್ಕೆ ಸರಿಯಾಗಿ ಹಾಜರಿ ಕೊಟ್ಟದ್ದು ನನಗೆ. ಗೈರುಹಾಜರಿ ಬಿದ್ದ ದಿನ ನಾನು ಹಾಜರಿ ಪುಸ್ತಕ ತೆರೆಯಲಿಲ್ಲ.

ಈಚೆಗೆ ಪೇಪರಿನಲ್ಲಿ ಓದಿದೆ. ಫ್ರಾನ್ಸಿನ ಅಂಚೆ ಇಲಾಖೆ 2017ರಲ್ಲಿ ಒಂದು ಸೇವೆ ತೆರೆದಿದೆಯಂತೆ. ದೂರದ ಮಕ್ಕಳು ತಿಂಗಳಿಗಿಷ್ಟು ಎಂದು ಹಣ ಕಟ್ಟಿದರೆ, ಪೋಸ್ಟ್‌ಮ್ಯಾನ್ ಹೋಗಿ ತಂದೆತಾಯಿಯ ಯೋಗಕ್ಷೇಮ ವಿಚಾರಿಸಿ ಮಕ್ಕಳಿಗೆ ಸುದ್ದಿ ಮುಟ್ಟಿಸುತ್ತಾನೆ. ಜಪಾನಿನ ಅಂಚೆಯವರಲ್ಲೂ ಇಂಥದ್ದೊಂದು ಇದೆ. ಓದಿ ಪೇಪರು ಮಡಿಸಿಟ್ಟೆ. ನಾವು ಪುಕ್ಕಟೆ ಮಾಡಬಹುದಾಗಿದ್ದ ಕೆಲಸ.

ಈಗ ನನ್ನ ಸರದಿ. 2008ರಲ್ಲಿ ರಿಟೈರಾದೆ. ನಿಮ್ಮಜ್ಜಿ, ಅಂದರೆ ನಮ್ಮ ಮನೆಯವರು, ಹೋಗಿ ಆರು ವರ್ಷ. ಮಗಳು ಪುಣೆಯಲ್ಲಿ, ಮಗ ಅಮೆರಿಕದಲ್ಲಿ. ಇಬ್ಬರೂ ಕರೆಯುತ್ತಾರೆ, ಇಬ್ಬರೂ ಒಳ್ಳೆಯವರು. ಆದರೆ ಈ ಸರಸ್ವತೀಪುರದ ಮೂರು ಕ್ರಾಸು ಬಿಟ್ಟರೆ ನನಗೆ ಉಸಿರು ಕಟ್ಟುತ್ತದೆ.

ಆಕೆ ಹೋದ ಹೊಸತರಲ್ಲಿ ಏನಾಯಿತು ಗೊತ್ತೇ? 71 ವರ್ಷದ ಗಂಡಸಿಗೆ ಸಾಸಿವೆ ಡಬ್ಬಿ ಎಲ್ಲಿದೆ ಎಂದು ಗೊತ್ತಿರಲಿಲ್ಲ. ಒಲೆಯ ಮುಂದೆ ನಿಂತು, ಎಲ್ಲ ಡಬ್ಬಿಯ ಮುಚ್ಚಳ ತೆಗೆದು ನೋಡುತ್ತ, ಮೆಂತ್ಯದ ಡಬ್ಬಿ ಹಿಡಿದುಕೊಂಡು ಅತ್ತೆ. ಹದಿಮೂರು ದಿನದ ಕಾರ್ಯದಲ್ಲಿ ಬಾರದ ಅಳು ಅದು. ಆಮೇಲೆ ಮೂರು ತಿಂಗಳು ಬ್ರೆಡ್ಡು, ಬಾಳೆಹಣ್ಣು. ಹಸಿವಾದಾಗ ತಿನ್ನುವುದು, ನಿದ್ದೆ ಬಂದಾಗ ಮಲಗುವುದು. ಗಡ್ಡ ಬಿಟ್ಟೆ. ಬಿ.ಪಿ. ಮಾತ್ರೆ ಒಮ್ಮೆ ಎರಡು ನುಂಗಿದೆ, ಒಮ್ಮೆ ಮರೆತೆ. ಸೋಮವಾರವೋ ಗುರುವಾರವೋ ತಿಳಿಯದು. ಕೇಳುವವರಿಲ್ಲ ಎಂಬುದು ಮೊದಲು ಬಿಡುಗಡೆಯ ಹಾಗಿತ್ತು. ಬರಬರುತ್ತ ನೆಲವೇ ಇಲ್ಲದ ಹಾಗಾಯಿತು.

ಅದರಿಂದ ನನ್ನನ್ನು ಎಬ್ಬಿಸಿದ್ದು ವೇದಾಂತವಲ್ಲ, ಫಿಲ್ಟರ್ ಕಾಫಿ. ಬೆಳಗ್ಗೆ ಐದಕ್ಕೆ ಡಿಕಾಕ್ಷನ್ನು ಇಳಿದಿರಬೇಕಾದರೆ ರಾತ್ರಿಯೇ ಫಿಲ್ಟರಿಗೆ ಪುಡಿ ಹಾಕಿ ಬಿಸಿನೀರು ಸುರಿದಿಡಬೇಕು. ಅಂದರೆ ನಾಳೆ ಬೆಳಗ್ಗೆ ಏಳುತ್ತೇನೆ ಎಂದು ರಾತ್ರಿಯೇ ಒಪ್ಪಿಕೊಂಡ ಹಾಗೆ. ಆ ಒಂದು ಕೆಲಸ ಕೈಹಿಡಿಯಿತು. ಅದರ ಹಿಂದೆ ಒಂದೊಂದಾಗಿ ಉಳಿದವು ಬಂದವು.

ಈಗ ನನ್ನ ದಿನ ಹೀಗಿದೆ. ಐದಕ್ಕೆ ಕಾಫಿ. ಆರಕ್ಕೆ ಕುಕ್ಕರಹಳ್ಳಿ ಕೆರೆ. ಏರಿಯ ಮೇಲೆ ಒಂದು ಸುತ್ತು ಸಾಧ್ಯವಿಲ್ಲ, ಅರ್ಧಕ್ಕೇ ಕಲ್ಲುಬೆಂಚು. ಅಲ್ಲಿ ನಮ್ಮ ಗುಂಪು. ಮೊದಲು ಏಳು ಜನ ಇದ್ದೆವು, ಈಗ ನಾಲ್ಕು. ಎಂಟಕ್ಕೆ ಮನೆ, ಪೇಪರು, ಸ್ನಾನ, ದೇವರಿಗೆ ಎರಡು ಹೂವು. ಹತ್ತಕ್ಕೆ ಒಂದು ಪಾವು ಅಕ್ಕಿ, ತಿಳಿಸಾರು, ಒಂದು ಪಲ್ಯ. ಹನ್ನೊಂದಕ್ಕೆ ಗೇಟಿನ ಬಳಿಯ ಕುರ್ಚಿ. ಹೌದು, ನಾನೂ ಅದೇ ಹೊತ್ತಿಗೆ ಕೂರುತ್ತೇನೆ, ಕಾಲು ತಾನೇ ಅಲ್ಲಿಗೆ ಒಯ್ಯುತ್ತದೆ. ಈಗಿನ ಪೋಸ್ಟ್‌ಮ್ಯಾನ್ ಮೊಬೈಲಿನಲ್ಲಿ ಸಹಿ ಹಾಕಿಸಿಕೊಳ್ಳುವ ಹುಡುಗ. 2025ರಲ್ಲಿ ರಿಜಿಸ್ಟರ್ ಅಂಚೆಯೂ ಸ್ಪೀಡ್ ಪೋಸ್ಟಿನೊಳಗೆ ಸೇರಿಹೋಯಿತು ಎಂದು ಅವನೇ ಹೇಳಿದ. ಅವತ್ತು ನನಗೆ ಊಟ ಸೇರಲಿಲ್ಲ. ಮಧ್ಯಾಹ್ನ ಅರ್ಧ ಗಂಟೆ ಅಡ್ಡಾಗಿ ಎದ್ದು ಒಂದು ಕಾರ್ಡು ಬರೆಯುತ್ತೇನೆ, ಹಳೆಯ ಜೊತೆಗಾರರಿಗೆ. ಕಾರ್ಡಿಗೆ ಇಂದಿಗೂ ಐವತ್ತೇ ಪೈಸೆ. ಈ ದೇಶದಲ್ಲಿ ಐವತ್ತು ಪೈಸೆಗೆ ಇನ್ನೇನು ಸಿಗುತ್ತದೆ, ಹೇಳು.

ಕಷ್ಟದ ಹೊತ್ತು ಒಂದಿದೆ: ಸಂಜೆ ಆರೂವರೆ. ದೀಪ ಹಚ್ಚುವ ಹೊತ್ತು. ಏಕಾಂತ ಬೇರೆ, ಒಂಟಿತನ ಬೇರೆ ಎಂದು ಭಾಷಣ ಮಾಡುವವರು ಹೇಳುತ್ತಾರೆ. ಇರಬಹುದು. ನನ್ನ ಮನೆಯಲ್ಲಿ ಎರಡಕ್ಕೂ ಒಂದೇ ಕುರ್ಚಿ. ಬೆಳಗ್ಗೆ ಅದರಲ್ಲಿ ಕೂತರೆ ಹಾಯೆನಿಸುತ್ತದೆ. ಸಂಜೆ ಅದೇ ಕುರ್ಚಿಯಲ್ಲಿ ಕೂತರೆ, ಅಡುಗೆಮನೆಯಲ್ಲಿ ಬಳೆ ಸದ್ದಾಗುತ್ತದೇನೋ ಎಂದು ಕಿವಿ ಕಾಯುತ್ತದೆ. ಆದ್ದರಿಂದ ಆ ಹೊತ್ತಿಗೆ ಮನೆಯಲ್ಲಿ ಕೂರುವುದೇ ಇಲ್ಲ. ದೀಪ ಹಚ್ಚಿಟ್ಟು ಮೂಲೆಯ ಇಸ್ತ್ರಿ ಅಂಗಡಿಯ ಸ್ಟೂಲಿಗೆ ಹೋಗುತ್ತೇನೆ. ಅಂಗಡಿಯವರ ಮಗಳು ಐದನೇ ಕ್ಲಾಸು, ನನಗೆ ಮಗ್ಗಿ ಒಪ್ಪಿಸುತ್ತಾಳೆ. ಹೋದ ವಾರ ಹದಿಮೂರರ ಮಗ್ಗಿಯಲ್ಲಿ ನಾನೇ ತಪ್ಪಿದೆ. ಅವಳು ಇನ್ನೂ ನಗುತ್ತಿದ್ದಾಳೆ.

ಇದನ್ನೆಲ್ಲ ಓದಿ, ಅಜ್ಜ ಹೊತ್ತು ಕಳೆಯಲು ದಾರಿ ಕಂಡುಕೊಂಡಿದ್ದಾನೆ ಎಂದುಕೊಳ್ಳಬೇಡ. ಹೊತ್ತು ಕಳೆಯುವುದಕ್ಕೆ ಟೀವಿ ಸಾಕು. ನೀನು ಈ ಮನೆಗೆ ಬರುವ ಹಿಂದಿನ ವರ್ಷ, ಮಳೆಗಾಲದ ಒಂದು ಬೆಳಗ್ಗೆ ಬಚ್ಚಲಲ್ಲಿ ಜಾರಿಬಿದ್ದೆ. ಮೂಳೆ ಮುರಿದಿರಲಿಲ್ಲ, ಆದರೆ ಕಾಲು ಊರಲಾಗದು. ಫೋನು ಹಾಲಿನಲ್ಲಿ ಚಾರ್ಜಿಗೆ ಹಾಕಿತ್ತು. ಕೂಗಿದೆ. ಮಳೆಯ ಸದ್ದಿಗೆ ಯಾರಿಗೆ ಕೇಳಬೇಕು? ತಣ್ಣನೆಯ ನೆಲದ ಮೇಲೆ ಬಿದ್ದುಕೊಂಡು ಮೇಷ್ಟ್ರನ್ನು ನೆನೆದೆ. ಅವರೂ ಹೀಗೇ ಬಿದ್ದುಕೊಂಡು, ಹನ್ನೊಂದು ಗಂಟೆಯ ಸೈಕಲ್ ಬೆಲ್ಲು ಕೇಳಿರಬಹುದೇ?

ಏಳೂಕಾಲಿಗೆ ಬಾಗಿಲಲ್ಲಿ ಬೀಗದ ಕೈ ತಿರುಗಿತು. ಬಂದವನು ನಮ್ಮ ಬೆಂಚಿನ ಗೆಳೆಯ, ಸಾರಿಗೆ ಬಸ್ಸಿನ ಹಳೆಯ ಕಂಡಕ್ಟರ್. ಬೆಂಚಿನಲ್ಲಿ ನಾನಿಲ್ಲ, ಫೋನು ಎತ್ತಲಿಲ್ಲ, ಮಳೆ ಬಂದರೂ ಕೊಡೆ ಹಿಡಿದು ಬರುವವನು ಯಾಕೆ ಬರಲಿಲ್ಲ ಎಂದು ನೇರ ಬಂದು, ಎದುರುಮನೆಯಲ್ಲಿ ನಾನು ಕೊಟ್ಟಿಟ್ಟಿದ್ದ ಬೀಗದ ಕೈ ಇಸಿದುಕೊಂಡು ಒಳಗೆ ನುಗ್ಗಿದ್ದ. ನನ್ನನ್ನು ಎತ್ತಿ ಕೂರಿಸಿ, "ಸೀಟು ಖಾಲಿ ಇತ್ತು ಮಾರಾಯ, ಪ್ಯಾಸೆಂಜರ್ ಎಲ್ಲಿ ಇಳಿದುಬಿಟ್ಟ ಅಂತ ನೋಡಕ್ಕೆ ಬಂದೆ" ಅಂದ.

ಈಗ ನಿನ್ನ ಪ್ರಶ್ನೆಗೆ ಉತ್ತರ. ಬೇಸರ ಆಗುತ್ತದೆ, ದಿನಾ ಆಗುತ್ತದೆ. ಆದರೆ ದಿನದಲ್ಲಿ ಮೂರು ಹೊತ್ತು ಯಾರೋ ಒಬ್ಬರು ನಾನು ಬರುತ್ತೇನೆಂದು ಎಣಿಸಿಕೊಂಡಿರುತ್ತಾರೆ: ಬೆಳಗ್ಗೆ ಬೆಂಚು, ಹನ್ನೊಂದಕ್ಕೆ ಆ ಪೋಸ್ಟ್‌ಮ್ಯಾನ್ ಹುಡುಗ, ಸಂಜೆ ಆ ಪುಟ್ಟಿ. ನನ್ನ ದಿನಚರಿ ಅಂದರೆ ಇದೇ. ಮೇಷ್ಟ್ರು ಕಾಗದವಿಲ್ಲದೆ ಯಾಕೆ ಕಾಯುತ್ತಿದ್ದರು ಎಂದು ತಿಳಿಯಲು ನನಗೆ ಅವರ ವಯಸ್ಸಾಗಬೇಕಾಯಿತು.

ಪಿಂಚಣಿಯವರು ಪ್ರತಿ ನವೆಂಬರಿನಲ್ಲಿ ಜೀವಿತ ಪ್ರಮಾಣಪತ್ರ ಕೊಡಬೇಕು. ನಾನಿನ್ನೂ ಇದ್ದೇನೆ ಎಂದು ಸರ್ಕಾರಕ್ಕೆ ಒಪ್ಪಿಸುವುದು. ಮೊದಲು ಖುದ್ದು ಹೋಗಿ ಸಾಲಿನಲ್ಲಿ ನಿಲ್ಲಬೇಕಿತ್ತು. 2014ರಲ್ಲಿ ಜೀವನ್ ಪ್ರಮಾಣ್ ಬಂದ ಮೇಲೆ ಬೆರಳು ಒತ್ತಿದರೆ ಆಯಿತು. ಈಗ ಫೋನಿಗೆ ಮುಖ ತೋರಿಸಿದರೂ ಆಗುತ್ತದೆ, ಹೋದ ಸಲ ನೀನೇ ಮಾಡಿಕೊಟ್ಟೆ. ಸರ್ಕಾರಕ್ಕೆ ವರ್ಷಕ್ಕೊಂದು ಪ್ರಮಾಣಪತ್ರ ಸಾಕು. ಮನುಷ್ಯನಿಗೆ ದಿನಕ್ಕೊಂದು ಬೇಕು, ಅದಕ್ಕೆ ಇನ್ನೊಬ್ಬರು ಸಹಿ ಹಾಕಬೇಕು.

ಇದು ಮುದುಕರ ವಿಷಯ, ನನಗೇಕೆ ಅಂದೀಯೆ. ನಿನಗೆ ಇಪ್ಪತ್ತಾರು. ಆದರೆ ಮೇಲಿನ ಮನೆಯಲ್ಲಿ ಏನು ನಡೆಯುತ್ತದೆ ಎಂದು ಕೆಳಗಿನ ಮನೆಗೆ ಕೇಳಿಸುತ್ತದೆ. ರಾತ್ರಿ ಮೂರರವರೆಗೆ ನಿನ್ನ ಕುರ್ಚಿಯ ಚಕ್ರ ಉರುಳುತ್ತದೆ. ಹಗಲು ಹನ್ನೆರಡಾದರೂ ಕಿಟಕಿ ತೆರೆಯುವುದಿಲ್ಲ. ಊಟದ ಚೀಲ ಬಾಗಿಲಲ್ಲಿಟ್ಟು, ಫೋಟೋ ತೆಗೆದುಕೊಂಡು ಇಳಿದುಹೋಗುವ ಹುಡುಗನ ಮುಖ ಎಂದಾದರೂ ನೋಡಿದ್ದೀಯಾ? ಅವನೂ ಬಟವಾಡೆಯವನೇ, ನಮ್ಮ ಕುಲದವನು. ಅವನಿಗೆ ಕದ ತಟ್ಟುವಷ್ಟು ಪುರಸೊತ್ತನ್ನೂ ಯಾರೂ ಕೊಟ್ಟಿಲ್ಲ. ನಾನು 71ರಲ್ಲಿ ಬದುಕಿದ ಆ ಮೂರು ತಿಂಗಳನ್ನು ನೀನು ಇಪ್ಪತ್ತಾರಕ್ಕೇ ಬದುಕುತ್ತಿದ್ದೀಯ. ಮೈಯಲ್ಲಿ ಕಸುವಿದೆ, ಗೊತ್ತಾಗುವುದಿಲ್ಲ ಅಷ್ಟೆ.

ಹಾಗಾಗಿ ನಾಲ್ಕು ಮಾತು. ಹಿಡಿಸಿದರೆ ಇಟ್ಟುಕೋ.

ಅಡುಗೆ ಕಲಿ. ಅನ್ನ, ಸಾರು, ಉಪ್ಪಿಟ್ಟು ಬಂದರೆ ಸಾಕು. ನಾಳೆ ಮದುವೆಯಾದ ಮೇಲೂ ವಾರಕ್ಕೆ ಎರಡು ದಿನ ನೀನೇ ಒಲೆ ಹಚ್ಚು. ಸಾಸಿವೆ ಡಬ್ಬಿ ಎಲ್ಲಿದೆ ಎಂದು ಹುಡುಕುತ್ತ ಹೆಂಡತಿಯನ್ನು ಕಳೆದುಕೊಂಡದ್ದನ್ನು ತಿಳಿಯುವ ಗತಿ ನಿನಗೆ ಬೇಡ. ಮಾಡಿದ್ದನ್ನು ತಟ್ಟೆಗೆ ಬಡಿಸಿಕೊಂಡು, ಕೂತು ಉಣ್ಣು. ಒಬ್ಬನೇ ಇದ್ದರೂ ಊಟಕ್ಕೆ ಮರ್ಯಾದೆ ಇರಲಿ.

ದಿನಕ್ಕೆ ಅರ್ಧ ಗಂಟೆ ಫೋನು ದೂರವಿಟ್ಟು ಸುಮ್ಮನೆ ಕೂತು ನೋಡು. ಮೊದಲ ವಾರ ಮೈ ಪರಚಿಕೊಳ್ಳುವ ಹಾಗಾಗುತ್ತದೆ. ಆಮೇಲೆ ಮರದ ಮೇಲಿನ ಅಳಿಲು ಕಾಣುತ್ತದೆ. ಒಬ್ಬನೇ ಇರುವುದೂ ಈಜಿನ ಹಾಗೆ, ಕಾಲು ನೆಲಕ್ಕೆ ತಾಗುವಷ್ಟು ನೀರಿರುವಾಗಲೇ ಕಲಿಯಬೇಕು.

ನಿನಗಿಂತ ಹಿರಿಯರನ್ನೂ ಕಿರಿಯರನ್ನೂ ಸ್ನೇಹಿತರಾಗಿ ಮಾಡಿಕೋ. ಒಂದೇ ವಾರಿಗೆಯವರ ಬೆಂಚು ಒಂದೇ ಕಾಲಕ್ಕೆ ಖಾಲಿಯಾಗುತ್ತದೆ, ನಮ್ಮದನ್ನು ನೋಡುತ್ತಿದ್ದೀಯಲ್ಲ. ನಿಘಂಟಿನ ಜಿ. ವೆಂಕಟಸುಬ್ಬಯ್ಯನವರು 1913ರಲ್ಲಿ ಹುಟ್ಟಿ 107 ವರ್ಷ ಬಾಳಿದರು. ವಯಸ್ಸಾದ ಮೇಲೂ ಪ್ರಜಾವಾಣಿಯ 'ಇಗೋ ಕನ್ನಡ' ಅಂಕಣದಲ್ಲಿ ಓದುಗರು ಕೇಳಿದ ಪದಗಳಿಗೆ ಅರ್ಥ ಹೇಳಿದರು. ಯಾವುದೋ ಊರಿನವರು ತಮ್ಮ ಉತ್ತರಕ್ಕೆ ಕಾಯುತ್ತಿದ್ದಾರೆ ಎಂಬುದಕ್ಕಿಂತ ದೊಡ್ಡ ಟಾನಿಕ್ಕು ಇದೆಯೇ? ನಮಗೆ ಅಷ್ಟು ವಿದ್ಯೆ ಇಲ್ಲ. ಹದಿಮೂರರ ಮಗ್ಗಿಯಾದರೂ ಇದೆ.

ಊರಿನಲ್ಲಿರುವ ಅಪ್ಪ ಅಮ್ಮನ ಜೊತೆ ಭಾನುವಾರ ಒಂದು ಗಂಟೆ ಮಾತಾಡುತ್ತೀಯ, ಕೇಳಿಸುತ್ತದೆ. ಒಳ್ಳೆಯದೇ. ಅದರ ಬದಲು ದಿನಾ ಎರಡು ನಿಮಿಷ, ಒಂದೇ ಹೊತ್ತಿಗೆ ಫೋನು ಮಾಡು. "ಊಟ ಆಯ್ತಾ" ಎಂದು ಕೇಳಿ ಇಟ್ಟರೂ ಸರಿ. ಭಾನುವಾರದ ಫೋನಿಗೆ ಉತ್ತರ ಬರದಿದ್ದರೆ ಏನೋ ಕೆಲಸದಲ್ಲಿದ್ದಾರೆ ಅಂದುಕೊಳ್ಳುತ್ತೀಯ. ದಿನದ ಫೋನಿಗೆ ಬರದಿದ್ದರೆ ಪಕ್ಕದ ಮನೆಗೆ ಮಾಡುತ್ತೀಯ. ನಿನ್ನ ಸ್ವಂತ ಅಜ್ಜಿ ಹಳ್ಳಿಯಲ್ಲಿ ಒಬ್ಬರೇ ಅಂದೆಯಲ್ಲ, ಹಿರಿಯರ ಸಹಾಯವಾಣಿ 14567, ದಪ್ಪ ಅಕ್ಷರದಲ್ಲಿ ಬರೆದು ಅವರ ಗೋಡೆಗೆ ಅಂಟಿಸು. ಎದುರುಮನೆಯಲ್ಲಿ ಒಂದು ಬೀಗದ ಕೈ ಕೊಡಿಸು.

ಇಷ್ಟೆಲ್ಲ ಹೇಳಿ ನನ್ನ ಹುಳುಕನ್ನು ಮುಚ್ಚಿಡಬಾರದು. ದಿನಚರಿ ಬಿಗಿಯಾಗಿ ಕೊರಳಿಗೆ ಸುತ್ತಿಕೊಳ್ಳುವುದೂ ಉಂಟು. ಹೋದ ವರ್ಷ ಮಗಳು ಹೇಳದೆ ಕೇಳದೆ ಹನ್ನೊಂದೂವರೆಗೆ ಬಂದಿಳಿದಳು. ಸಂತೋಷಪಡುವುದು ಬಿಟ್ಟು, "ಒಂದೇ ಪಾವು ಅಕ್ಕಿ ಇಟ್ಟಿದ್ದೀನಲ್ಲಾ" ಎಂದು ಮುಖ ಗಂಟಿಕ್ಕಿದೆ. ಅವಳು ಚೀಲ ಇಳಿಸುತ್ತ, "ಯಾಕಪ್ಪಾ, ನಿಮ್ಮ ಆಫೀಸಿಗೆ ಅರ್ಜಿ ಹಾಕ್ಕೊಂಡು ಬರಬೇಕಿತ್ತಾ?" ಅಂದಳು. ನಕ್ಕೆ, ನಾಚಿಕೆಯೂ ಆಯಿತು. ಅಂದಿನಿಂದ ಪಾವಿನ ಮೇಲೆ ಒಂದು ಹಿಡಿ ಹೆಚ್ಚಿಗೆ ಹಾಕುತ್ತೇನೆ. ಯಾರೂ ಬರದಿದ್ದರೆ ರಾತ್ರಿಗೆ ಚಿತ್ರಾನ್ನ.

ಆ ಒಂದು ಹಿಡಿ ಇವತ್ತೂ ಇದೆ. ನಾಳೆಯೂ ಇರುತ್ತದೆ. ಊಟಕ್ಕೆ ಆಗದಿದ್ದರೆ ಬೇಡ, ನಿನ್ನ ಕೆಲಸ ಶುರುವಾಗುವ ಮೊದಲು, ಸಂಜೆ ಆರೂವರೆಗೆ, ಕಾಫಿಗೆ ಇಳಿದು ಬಾ. ಮಗ್ಗಿಯವಳಿಗೆ ಹೇಳಿ ಅರ್ಧ ಗಂಟೆ ತಡವಾಗಿ ಹೋಗುತ್ತೇನೆ. ಎರಡು ಲೋಟ ತೊಳೆದಿಟ್ಟಿರುತ್ತೇನೆ.

ಬರದಿದ್ದರೆ ನಾನೇ ಮೇಲೆ ಬಂದು ಕದ ತಟ್ಟುತ್ತೇನೆ. ಮಂಡಿನೋವಿದೆ, ಮೆಟ್ಟಿಲು ಹದಿನೆಂಟು. ಆದರೂ ಬರುತ್ತೇನೆ. ಒಮ್ಮೆ ತಟ್ಟದೆ ಬಂದದ್ದು ಸಾಕು.

ಇಂತು,
ಕೆಳಗಿನ ಮನೆಯ ಅಜ್ಜ